ಚಿನ್ನ ತೋರಿಸಿದವರು ಯಾರು? ನನ್ನದೇ ಎಪಿಸೋಡ್‌ಗೆ ಒಂದು ತಿದ್ದುಪಡಿ

ಇವತ್ತಿನ ಎಪಿಸೋಡ್ ಒಂದು ತಪ್ಪೊಪ್ಪಿಗೆಯಿಂದ ಶುರುವಾಗುತ್ತೆ.

ಎರಡು ವರ್ಷದ ಹಿಂದೆ, ಫೋನಲ್ಲೇ ರೆಕಾರ್ಡ್ ಮಾಡಿದ ನನ್ನ ಮೊದಲ ಎಪಿಸೋಡ್‌ನಲ್ಲಿ ಒಂದು ವಾಕ್ಯ ಹೇಳಿದ್ದೆ: “1802ರಲ್ಲಿ ಜಾನ್ ವಾರೆನ್ ಎಂಬ ಅಧಿಕಾರಿ ಕೋಲಾರದ ಚಿನ್ನವನ್ನು ಕಂಡುಹಿಡಿದ.” ಎಷ್ಟೋ ಕಡೆ ಓದಿದ್ದ ವಾಕ್ಯ ಅದು, ಅನುಮಾನವೇ ಬರಲಿಲ್ಲ. ಎರಡು ದಿನ ಆದಮೇಲೆ ಊರಿಗಾಂ ಕಡೆಯ ಒಬ್ಬರು ಕೇಳುಗರು ಮೆಸೇಜ್ ಹಾಕಿದರು: “ಅಣ್ಣ, ವಾರೆನ್‌ಗೆ ಅದನ್ನ ತೋರಿಸಿದ್ದು ಯಾರು?”

ಅಷ್ಟೇ ಮೆಸೇಜ್. ನಾನು ಒಂದು ನಗುವ ಎಮೋಜಿ ಕಳಿಸಿ ಸುಮ್ಮನಾದೆ. ಉತ್ತರ ಗೊತ್ತಿರಲಿಲ್ಲ, ಅದಕ್ಕೆ. ಇವತ್ತು ಆ ಮೆಸೇಜ್‌ಗೆ ಉತ್ತರ ಕೊಡ್ತಾ ಇದ್ದೀನಿ. ತಡ ಆಯ್ತು, ಕ್ಷಮಿಸಿ.

ಮೊದಲೇ ಹೇಳಿಬಿಡ್ತೀನಿ, ನಾನು ಇತಿಹಾಸ ಓದಿದವನಲ್ಲ. ಬಿ.ಕಾಂ. ಮಾಡಿದವನು. ನಮಗೆ ಮೊದಲ ವರ್ಷದಲ್ಲೇ ಒಂದು ಪಾಠ ತಲೆಗೆ ತುರುಕ್ತಾರೆ: ಲೆಕ್ಕದ ಪುಸ್ತಕದಲ್ಲಿ ಪ್ರತಿ ನಮೂದಿಗೂ ಎರಡು ಬದಿ ಇರುತ್ತೆ. ಒಂದು ಕಡೆ ಬಂದಿದೆ ಅಂದ್ರೆ ಇನ್ನೊಂದು ಕಡೆಯಿಂದ ಹೋಗಿರಲೇಬೇಕು. ಒಂದೇ ಬದಿ ಬರೆದಿರೋ ಪುಸ್ತಕ ತಾಳೆ ಆಗಲ್ಲ. ನಮ್ಮ ಚಿನ್ನದ ಕತೆ ಇನ್ನೂರು ವರ್ಷದಿಂದ ಒಂದೇ ಬದಿ ಬರೆದಿರೋ ಪುಸ್ತಕ.

ಬೂದಿಕೋಟೆಯಿಂದ ಶುರು ಮಾಡೋಣ. ಬಂಗಾರಪೇಟೆಯಲ್ಲಿ ಬಿಳಿ ನೀರಿನ ಪಾನಿಪುರಿ ತಿಂದು, ಬೂದಿಕೋಟೆ ಬಸ್ ಹತ್ತಿ ಬಂದರೆ ಬಂಡೆಗಳ ಮೇಲೆ ಹಳೇ ಕೋಟೆ ಗೋಡೆ ಕಾಣುತ್ತೆ. ಯಾವುದೋ ಕಾಲದಲ್ಲಿ ಋಷಿ ಯಾಗ ಮಾಡಿದ ಬೂದಿ, ಅದಕ್ಕೇ ಬೂದಿಕೋಟೆ ಅಂತ ಊರಲ್ಲಿ ಹೇಳ್ತಾರೆ. ಇತಿಹಾಸದ ಪುಸ್ತಕದಲ್ಲಿ ಈ ಊರಿನ ಹೆಸರು ಬರೋದು ಇನ್ನೊಂದು ಕಾರಣಕ್ಕೆ. ಹೈದರ್ ಅಲಿ ಹುಟ್ಟಿದ್ದು ಇಲ್ಲಿ, ಸುಮಾರು 1720ರ ಹೊತ್ತಿಗೆ. ಅವನ ತಂದೆ ಫತೇ ಮಹಮ್ಮದ್ ಸಿರಾದ ನವಾಬನ ಕೆಳಗೆ ದಳಪತಿಯಾಗಿದ್ದವನು, ಬೂದಿಕೋಟೆ ಅವನ ಜಾಗೀರು. ಇವತ್ತಿಗೂ ಕೋಲಾರ ಪಟ್ಟಣದಲ್ಲಿ ಆ ಮನೆತನದ ಮಕ್ಬರಾ ಇದೆ.

ಹೈದರ್ 1761ರ ಹೊತ್ತಿಗೆ ಮೈಸೂರಿನ ಅಧಿಕಾರ ಹಿಡಿದ. ಈಸ್ಟ್ ಇಂಡಿಯಾ ಕಂಪನಿ ಜೊತೆ ಎರಡು ಯುದ್ಧ ಮಾಡಿದ. 1782ರ ಡಿಸೆಂಬರ್‌ನಲ್ಲಿ, ಎರಡನೇ ಯುದ್ಧ ನಡೀತಾ ಇರುವಾಗಲೇ, ಚಿತ್ತೂರು ಹತ್ತಿರದ ಪಾಳೆಯದಲ್ಲಿ ಸತ್ತ. ಮಗ ಟಿಪ್ಪು ಇನ್ನೂ ಎರಡು ಯುದ್ಧ ನೋಡಿದ. 1799ರ ಮೇ 4ರಂದು ಶ್ರೀರಂಗಪಟ್ಟಣ ಬಿತ್ತು, ಟಿಪ್ಪು ಸತ್ತ. ಇದು ನಿಮಗೆಲ್ಲ ಗೊತ್ತಿರೋ ಕತೆ.

ಗೊತ್ತಿಲ್ಲದ ಕತೆ ಶುರುವಾಗೋದು ಮಾರನೇ ದಿನದಿಂದ.

ಯುದ್ಧ ಗೆದ್ದವರಿಗೆ ಮೊದಲು ಬೇಕಾಗೋದು ಏನು ಹೇಳಿ? ಪಟ್ಟಿ. ಏನೇನು ಸಿಕ್ಕಿದೆ ಅನ್ನೋ ಪಟ್ಟಿ. ಟಿಪ್ಪುವಿನ ರಾಜ್ಯವನ್ನ ಹಂಚಿದರು: ಒಂದಷ್ಟು ಕಂಪನಿಗೆ, ಒಂದಷ್ಟು ಹೈದರಾಬಾದ್ ನಿಜಾಮನಿಗೆ, ಉಳಿದದ್ದು ಐದು ವರ್ಷದ ಮಗು ಮುಮ್ಮಡಿ ಕೃಷ್ಣರಾಜ ಒಡೆಯರಿಗೆ. ಹಂಚಿದ ಮೇಲೆ ಗಡಿ ಎಲ್ಲಿ ಅಂತ ಗೊತ್ತಾಗಬೇಕಲ್ವಾ? ಅದಕ್ಕೆ ಸರ್ವೆ. ಗವರ್ನರ್ ಜನರಲ್ ವೆಲ್ಲೆಸ್ಲಿ 1800ರಲ್ಲಿ ಫ್ರಾನ್ಸಿಸ್ ಬುಕಾನನ್ ಎಂಬ ವೈದ್ಯನನ್ನ ಮದ್ರಾಸಿನಿಂದ ಕಳಿಸಿದ. ಯಾವ ಊರಲ್ಲಿ ಏನು ಬೆಳೀತಾರೆ, ಏನು ನೇಯ್ತಾರೆ, ಯಾವ ಗಣಿ ಇದೆ ಅಂತ ಬರೆದುಕೊಂಡು ಬಾ ಅಂತ. ಅದೇ ಹೊತ್ತಿಗೆ ಕಾಲಿನ್ ಮೆಕೆಂಜಿ ಮೈಸೂರಿನ ದೊಡ್ಡ ಸರ್ವೆ ಶುರು ಮಾಡಿದ. ಊರು, ಕೆರೆ, ಬೆಟ್ಟ, ಜಾತಿ, ಶಾಸನ, ಎಲ್ಲ ಕಾಗದಕ್ಕೆ ಬಂತು. ಇವರು ಮಾಡಿದ ಕೆಲಸದಿಂದ ನಮ್ಮ ಇತಿಹಾಸಕ್ಕೆ ಉಪಕಾರ ಆಗಿಲ್ಲ ಅಂತ ನಾನು ಹೇಳಲ್ಲ, ಇವತ್ತಿಗೂ ಸಂಶೋಧಕರು ಅದನ್ನೇ ತಿರುವಿ ಹಾಕ್ತಾರೆ. ಆದರೆ ಅದನ್ನ ಬರೆಸಿದ್ದು ನಮಗೋಸ್ಕರ ಅಲ್ಲ. ಹೊಸದಾಗಿ ಅಂಗಡಿ ಕೈಗೆ ಬಂದಾಗ ಸ್ಟಾಕ್ ಎಣಿಸ್ತಾರಲ್ಲ, ಹಾಗೆ.

ಆ ಎಣಿಕೆಗೆ ಬಂದವರಲ್ಲಿ ಒಬ್ಬ ಲೆಫ್ಟಿನೆಂಟ್ ಜಾನ್ ವಾರೆನ್, 33ನೇ ರೆಜಿಮೆಂಟಿನವನು. ಶ್ರೀರಂಗಪಟ್ಟಣದ ಮುತ್ತಿಗೆಯಲ್ಲಿ ಇದ್ದ ರೆಜಿಮೆಂಟ್ ಅದು. ಇವನು ಫ್ರೆಂಚ್ ಮನೆತನದವನು, ಹುಟ್ಟಿದ್ದು ಇಟಲಿಯಲ್ಲಿ, ಕೆಲಸ ಬ್ರಿಟಿಷರದು. ಮುಂದೆ ಮದ್ರಾಸಿನ ವೀಕ್ಷಣಾಲಯ ನೋಡಿಕೊಂಡ, ನಮ್ಮ ಪಂಚಾಂಗಗಳ ಲೆಕ್ಕದ ಬಗ್ಗೆ ‘ಕಾಲ ಸಂಕಲಿತ’ ಅಂತ ಪುಸ್ತಕ ಬರೆದ, 1830ರಲ್ಲಿ ಪಾಂಡಿಚೇರಿಯಲ್ಲಿ ತೀರಿಕೊಂಡ. ಬುದ್ಧಿವಂತ ಮನುಷ್ಯ, ಅದರಲ್ಲಿ ಎರಡು ಮಾತಿಲ್ಲ.

1802ರಲ್ಲಿ ಅವನಿಗಿದ್ದ ಕೆಲಸ ಮೈಸೂರಿನ ಪೂರ್ವ ಗಡಿ ಗುರುತಿಸೋದು. ಅಂದರೆ ನಮ್ಮ ಸೀಮೆ. ಈ ಕಡೆ ಓಡಾಡುವಾಗ ಇಲ್ಲಿನ ಮಣ್ಣಲ್ಲಿ ಚಿನ್ನ ಸಿಗುತ್ತೆ ಅನ್ನೋ ಮಾತು ಅವನ ಕಿವಿಗೆ ಬಿತ್ತು. ಯಾರು ತೋರಿಸ್ತಾರೋ ಅವರಿಗೆ ಇನಾಮು ಅಂತ ಹೇಳಿಸಿದ. ಸ್ವಲ್ಪ ದಿನಕ್ಕೆ ಊರಿಗಾಂ ಕಡೆಯ ಹಳ್ಳಿ ಜನ ಎತ್ತಿನ ಗಾಡಿ ತುಂಬ ಮಣ್ಣು ಹೇರಿಕೊಂಡು ಬಂದರು. ಅವನ ಕಣ್ಣೆದುರೇ ಆ ಮಣ್ಣನ್ನ ತೊಳೆದು ತೋರಿಸಿದರು. ಮಣ್ಣು ಹೋಯ್ತು, ಕೆಳಗೆ ಚಿನ್ನದ ಪುಡಿ ನಿಂತಿತು.

ಇದನ್ನ ನಿಧಾನವಾಗಿ ಕೇಳಿ. ಗೊತ್ತಿದ್ದವರು ಹಳ್ಳಿಯವರು. ಎಲ್ಲಿ ಅಗೆಯಬೇಕು ಅಂತ ಗೊತ್ತಿದ್ದು ಅವರಿಗೆ, ಹೇಗೆ ತೊಳೆಯಬೇಕು ಅಂತ ಗೊತ್ತಿದ್ದು ಅವರಿಗೆ. ವಾರೆನ್‌ಗೆ ಗೊತ್ತಿದ್ದದ್ದು ಒಂದೇ, ಅದನ್ನ ಎಲ್ಲಿ ಬರೆದು ಕಳಿಸಬೇಕು ಅನ್ನೋದು. ಆದರೆ ‘ಕಂಡುಹಿಡಿದವನು’ ಯಾರು ಅಂತ ಗೂಗಲ್ ಮಾಡಿ ನೋಡಿ.

ಇಷ್ಟಕ್ಕೇ ಮುಗಿಯಲಿಲ್ಲ. ವಾರೆನ್ ಮಾರಿಕುಪ್ಪಂಗೆ ಹೋದ. ಅಲ್ಲಿ ನೆಲದೊಳಗೇ ಗಣಿ ತೋಡಿಕೊಂಡು ಕೆಲಸ ಮಾಡ್ತಾ ಇದ್ದವರು ಸಿಕ್ಕಿದರು. ಅವರನ್ನ ಆ ಕಾಲದ ಇಂಗ್ಲಿಷ್ ಬರಹ ‘ಪರಯ್ಯರು’ ಅಂತ ಬರೀತು. ಇವತ್ತಿನ ಮಾತಲ್ಲಿ ದಲಿತರು. ಮೂವತ್ತು, ನಲವತ್ತೈದು ಅಡಿ ಆಳದ ಗುಂಡಿಗಳು. ಒಬ್ಬರು ಕೆಳಗೆ ಕಲ್ಲು ಒಡೀತಾರೆ, ಬುಟ್ಟಿ ಕೈಯಿಂದ ಕೈಗೆ ಮೇಲೆ ಬರುತ್ತೆ. ಮೇಲೆ ಹೆಂಗಸರು ಆ ಕಲ್ಲನ್ನ ದೊಡ್ಡ ಬಂಡೆ ಮೇಲೆ ಹಾಕಿ ಕುಟ್ಟಿ ಪುಡಿ ಮಾಡ್ತಾರೆ. ಆಮೇಲೆ ನೀರಿಗೆ ಒಯ್ದು ತೊಳೆಯೋದು. ಅಗೆಯೋದು, ಸಾಗಿಸೋದು, ಕುಟ್ಟೋದು, ತೊಳೆಯೋದು: ಒಂದು ಗಣಿ ಕಂಪನಿಯ ನಾಲ್ಕೂ ವಿಭಾಗ ಅಲ್ಲಿತ್ತು. ಇಲ್ಲದೇ ಇದ್ದದ್ದು ಕಂಪನಿ ಅನ್ನೋ ಬೋರ್ಡು ಮಾತ್ರ.

ಸುಮಾರು 56 ಕೆಜಿ ಮಣ್ಣಿಗೆ ಒಂದು ಗ್ರೇನ್ ಚಿನ್ನ ಸಿಗುತ್ತೆ ಅಂತ ವಾರೆನ್ ಲೆಕ್ಕ ಹಾಕಿದ. ಒಂದು ಗ್ರೇನ್ ಅಂದ್ರೆ 0.065 ಗ್ರಾಂ, ಹೆಚ್ಚು ಕಡಿಮೆ ಅರ್ಧ ಗುಲಗಂಜಿ ತೂಕ. ನಾನು ಕ್ಯಾಲ್ಕುಲೇಟರ್ ತೆಗೆದು ನೋಡಿದೆ. ಒಂದು ಗ್ರಾಂ ಚಿನ್ನಕ್ಕೆ 860 ಕೆಜಿ ಮಣ್ಣು. ಅಷ್ಟನ್ನೂ ಕೈಯಲ್ಲೇ ಅಗೆದು, ಹೊತ್ತು, ತೊಳೆದು. ಮೋಜಿಗೆ ಮಾಡೋ ಕೆಲಸ ಅಲ್ಲ ಅದು. ತಲೆತಲಾಂತರದ ಅನುಭವ ಇಲ್ಲದೇ ಇದ್ದರೆ ಆ ಅರ್ಧ ಗುಲಗಂಜಿಯೂ ನೀರಲ್ಲಿ ಹೋಗುತ್ತೆ.

ಆಮೇಲೆ ಏನಾಯ್ತು? ಬೇರೆಯವರು ಬಂದು ಹುಡುಕಿದರು, ದೊಡ್ಡದಾಗಿ ಏನೂ ಕೈಗೆ ಹತ್ತಲಿಲ್ಲ. ಅಪಘಾತ ಆಗ್ತಿದೆ ಅನ್ನೋ ಕಾರಣಕ್ಕೆ 1859ರಲ್ಲಿ ಸ್ಥಳೀಯರು ನೆಲದೊಳಗೆ ಇಳಿದು ಅಗೆಯೋದನ್ನೇ ನಿಲ್ಲಿಸಿದರು. ಕಾರಣ ನಿಜವೇ ಇರಬಹುದು, ಗುಂಡಿ ಕುಸಿದರೆ ಜನ ಸಾಯ್ತಾರೆ. ಆದರೆ ಹದಿನಾರು ವರ್ಷಕ್ಕೆ ಅದೇ ನೆಲವನ್ನ ಅಗೆಯೋಕೆ ಇನ್ನೊಬ್ಬನಿಗೆ ಲೈಸೆನ್ಸ್ ಸಿಕ್ಕಿತು. ಅವನ ಹೆಸರು ನಿಮಗೆ ಗೊತ್ತು. ಬೆಂಗಳೂರಲ್ಲಿ ಅವನ ಹೆಸರಿನ ರಸ್ತೆ ಇದೆ. ಲವೆಲ್ ರೋಡ್.

ಮೈಕಲ್ ಫಿಟ್ಜ್‌ಜೆರಾಲ್ಡ್ ಲವೆಲ್. ಐರಿಷ್ ಮೂಲದ ಸೈನಿಕ, ನ್ಯೂಜಿಲೆಂಡಿನಲ್ಲಿ ಮಾವೊರಿಗಳ ವಿರುದ್ಧ ನಡೆದ ಯುದ್ಧದಲ್ಲಿ ಹೋರಾಡಿ, ನಿವೃತ್ತನಾಗಿ ಬೆಂಗಳೂರು ದಂಡಿನಲ್ಲಿ ನೆಲೆಸಿದ್ದ. 1804ರಲ್ಲಿ ಏಷಿಯಾಟಿಕ್ ಜರ್ನಲ್‌ನಲ್ಲಿ ಬಂದಿದ್ದ ವಾರೆನ್‌ನ ನಾಲ್ಕು ಪುಟದ ಬರಹ 1871ರಲ್ಲಿ ಅವನ ಕಣ್ಣಿಗೆ ಬಿತ್ತು. ಎತ್ತಿನ ಗಾಡಿ ಕಟ್ಟಿಸಿಕೊಂಡು ಕೋಲಾರಕ್ಕೆ ಬಂದ. 1873ರಲ್ಲಿ ಅರ್ಜಿ ಹಾಕಿದ, 1875ರ ಫೆಬ್ರವರಿ 2ರಂದು ಇಪ್ಪತ್ತು ವರ್ಷಕ್ಕೆ ಲೈಸೆನ್ಸ್ ಪಡೆದ. ಗಮನಿಸಿ, 1831ರಿಂದ 1881ರವರೆಗೆ ಮೈಸೂರನ್ನ ಆಳ್ತಾ ಇದ್ದದ್ದು ಬ್ರಿಟಿಷ್ ಕಮಿಷನರ್‌ಗಳು. ಅರ್ಜಿ ಹಾಕಿದವನ ಕಡೆಯವರೇ ಮಂಜೂರು ಮಾಡುವ ಕುರ್ಚಿಯಲ್ಲೂ ಕೂತಿದ್ದರು. ನೆಲದ ಮೇಲಿನ ಜನ ಆ ಕಾಗದದಲ್ಲಿ ಎಲ್ಲೂ ಬರಲಿಲ್ಲ.

ಈಗ ಐದು ನಿಮಿಷ ನ್ಯೂಜಿಲೆಂಡಿಗೆ ಹೋಗಿ ಬರೋಣ. ಅಲ್ಲಿನ ಮೂಲನಿವಾಸಿಗಳು ಮಾವೊರಿಗಳು. 1863ರಲ್ಲಿ ಅಲ್ಲಿನ ವಸಾಹತು ಸರ್ಕಾರ ಒಂದು ಕಾನೂನು ಮಾಡ್ತು. ಸರ್ಕಾರದ ವಿರುದ್ಧ ಎದ್ದ ಮಾವೊರಿಗಳ ಭೂಮಿಯನ್ನ ವಶಪಡಿಸಿಕೊಂಡು ವಲಸೆ ಬಂದವರಿಗೆ ಹಂಚಬಹುದು ಅಂತ. ವೈಕಾಟೊ ಪ್ರಾಂತ್ಯ ಒಂದರಲ್ಲೇ ಸುಮಾರು 12 ಲಕ್ಷ ಎಕರೆ ಹೋಯ್ತು. ಲವೆಲ್ ನೋಡಿಕೊಂಡು ಬಂದ ಪ್ರಪಂಚ ಅದು.

ಅದೇ ದೇಶದಲ್ಲಿ ಇನ್ನೊಂದು ಕತೆ. ಎಡ್ವರ್ಡ್ ಪೀಟರ್ಸ್ ಅಂತ ಒಬ್ಬ, ಮುಂಬೈ ಕಡೆಯಿಂದ ಹೋದವನು. ಅಲ್ಲಿ ಅವನನ್ನ ‘ಬ್ಲ್ಯಾಕ್ ಪೀಟರ್’ ಅಂತ ಕರೀತಿದ್ದರು. ಒಟಾಗೊ ಸೀಮೆಯ ಟುವಾಪೆಕಾ ಹೊಳೆಯಲ್ಲಿ 1850ರ ದಶಕದ ಕೊನೆಯಲ್ಲೇ ಅವನು ಚಿನ್ನ ತೊಳೆದು ತೋರಿಸಿದ್ದ. 1861ರಲ್ಲಿ ಗೇಬ್ರಿಯಲ್ ರೀಡ್ ಎಂಬ ಬಿಳಿಯ ಅದೇ ಜಾಡು ಹಿಡಿದು ಹೋಗಿ ದೊಡ್ಡ ನಿಕ್ಷೇಪ ಕಂಡ. ರೀಡ್‌ಗೆ ಸಾವಿರ ಪೌಂಡ್ ಬಹುಮಾನ. ಪೀಟರ್ಸ್‌ಗೆ 1885ರಲ್ಲಿ, ಮುದುಕನಾದ ಮೇಲೆ, ಸರ್ಕಾರದಿಂದ ಐವತ್ತು ಪೌಂಡ್. ಅದೂ ಜನ ಅಷ್ಟೇ ಚಂದಾ ಎತ್ತಿದರೆ ಮಾತ್ರ ಅನ್ನೋ ಷರತ್ತಿನ ಮೇಲೆ.

ನಮ್ಮ ದೇಶದವನು ಅಲ್ಲಿ ಹೋಗಿ ಚಿನ್ನ ತೋರಿಸಿದ, ಹೆಸರು ಇನ್ನೊಬ್ಬನದಾಯ್ತು. ಅಲ್ಲಿಂದ ಬಂದವನು ಇಲ್ಲಿ ನಮ್ಮವರು ತೋರಿಸಿದ ಚಿನ್ನ ಹುಡುಕಿದ, ಹೆಸರು ಅವನದೇ ಆಯ್ತು. ಎರಡು ಕಡೆಯೂ ನಿಯಮ ಒಂದೇ: ನಿನಗೆ ಗೊತ್ತಿದ್ದರೆ ಸಾಲದು, ಬರೆದುಕೊಳ್ಳೋನಿಗೆ ಗೊತ್ತಾಗಬೇಕು.

ಲವೆಲ್ ಹತ್ತಿರ ಬಂಡವಾಳ ಇರಲಿಲ್ಲ, ಹಕ್ಕನ್ನ ಬೇರೆಯವರಿಗೆ ದಾಟಿಸಿದ. 1880ರಲ್ಲಿ ಮೈಸೂರು ಗೋಲ್ಡ್ ಮೈನಿಂಗ್ ಕಂಪನಿ ಬಂತು, ಲಂಡನ್ನಿನ ಜಾನ್ ಟೇಲರ್ ಅಂಡ್ ಸನ್ಸ್ ಕೈ ಹಾಕಿತು. ಇಲ್ಲೊಂದು ವಿಷಯ ಕೇಳಿ. ಈ ಕಂಪನಿಗಳು ಎಲ್ಲಿ ಅಗೆಯಬೇಕು ಅಂತ ತೀರ್ಮಾನ ಮಾಡಿದ್ದು ಹೇಗೆ? ಹಳೇ ಗುಂಡಿಗಳನ್ನ ನೋಡಿ! ಹಿಂದಿನವರು ಎಲ್ಲಿ ತೋಡಿದ್ದರೋ ಅದರ ಕೆಳಗೇ ಚಾಂಪಿಯನ್ ರೀಫ್ ಸಿಕ್ಕಿತು. ಶುರುವಿನಲ್ಲಿ ಒಂದು ಟನ್ ಅದಿರಿಗೆ 45 ಗ್ರಾಂವರೆಗೂ ಚಿನ್ನ. ಒಟ್ಟು 120 ವರ್ಷದಲ್ಲಿ ಸುಮಾರು 800 ಟನ್. ಮೂರು ಕಿಲೋಮೀಟರಿಗೂ ಹೆಚ್ಚು ಆಳ. ಮೈಸೂರು ಸರ್ಕಾರಕ್ಕೆ ರಾಯಧನ ಬರ್ತಿತ್ತು, ಲಾಭಾಂಶ ಲಂಡನ್ನಿನ ಷೇರುದಾರರಿಗೆ. 1902ರಲ್ಲಿ ಶಿವನಸಮುದ್ರದಿಂದ 147 ಕಿಲೋಮೀಟರ್ ತಂತಿ ಎಳೆದು ಇಲ್ಲಿಗೆ ಕರೆಂಟ್ ತಂದರು. ಬೆಂಗಳೂರಿನ ಬೀದಿಗೆ ಕರೆಂಟ್ ಬಂದದ್ದು 1905ರಲ್ಲಿ. ಹೆಮ್ಮೆಯಿಂದ ಹೇಳ್ತೀವಲ್ಲ ನಾವು, ‘ಬೆಂಗಳೂರಿಗಿಂತ ಮೊದಲೇ ಕೆಜಿಎಫ್‌ಗೆ ಲೈಟ್’ ಅಂತ. ನಾನೂ ಹೇಳಿದ್ದೀನಿ. ಆ ಕರೆಂಟು ಬಂದದ್ದು ಗಣಿಯ ಯಂತ್ರ ತಿರುಗಿಸೋಕೆ. ಕೂಲಿ ಲೈನಿನ ತಟ್ಟಿ ಗುಡಿಸಲಿಗೆ ಬೆಳಕು ಕೊಡೋಕೆ ಅಲ್ಲ.

ಆ ಗುಡಿಸಲಲ್ಲಿ ಇದ್ದವರು ಯಾರು? ಉತ್ತರ ಆರ್ಕಾಟು, ಸೇಲಂ, ಚಿತ್ತೂರು ಕಡೆಯಿಂದ ಬಂದವರು. ತಮಿಳರು, ತೆಲುಗರು, ಬಹುಪಾಲು ದಲಿತರು. ಊರಲ್ಲಿ ಜಮೀನ್ದಾರನ ಹೊಲದಲ್ಲಿ ಜೀತ ಮಾಡೋದಕ್ಕಿಂತ ಪಾತಾಳವೇ ವಾಸಿ ಅಂತ ಬಂದವರೂ ಇದ್ದರು. ಅವರನ್ನ ಬರೀ ಬಲಿಪಶು ಅಂತ ನೋಡೋದು ತಪ್ಪು. ಅಯೋತ್ತಿದಾಸ ಪಂಡಿತರ ಬೌದ್ಧ ಚಳವಳಿ ಮಾರಿಕುಪ್ಪಂನಲ್ಲಿ ಬೇರು ಬಿಟ್ಟದ್ದು ಇವರಿಂದಲೇ, ಅಂಬೇಡ್ಕರ್ ದೀಕ್ಷೆಗೆ ಎಷ್ಟೋ ದಶಕ ಮೊದಲು.

ಆದರೆ ಕಾನೂನು ಇವರನ್ನ ಹೇಗೆ ನೋಡ್ತು? 1897ರಲ್ಲಿ ಮೈಸೂರು ಗಣಿ ಕಾಯ್ದೆ ಬಂತು. ಚಿನ್ನ ಬೆರೆತ ಕಲ್ಲೋ ಮಣ್ಣೋ ನಿಮ್ಮ ಹತ್ತಿರ ಸಿಕ್ಕರೆ, ಅದು ಹೇಗೆ ಬಂತು ಅಂತ ನೀವೇ ಸರಿಯಾಗಿ ವಿವರಿಸಬೇಕು. ವಿವರಿಸೋಕೆ ಆಗದಿದ್ದರೆ ಅಪರಾಧಿ. 1802ರಲ್ಲಿ ಊರಿಗಾಂನವರು ಗಾಡಿ ತುಂಬ ಮಣ್ಣು ತಂದಾಗ ಇನಾಮು ಕೊಡ್ತೀನಿ ಅಂದಿದ್ದರು. ತೊಂಬತ್ತೈದು ವರ್ಷಕ್ಕೆ ಅದೇ ನೆಲದಲ್ಲಿ ಒಂದು ಹಿಡಿ ಮಣ್ಣಿಗೆ ಕೇಸು.

ಅದೇ 1897ರಲ್ಲಿ ಕಲ್ಕತ್ತಾದಲ್ಲಿ ಪ್ರಪಂಚದ ಮೊದಲ ಬೆರಳಚ್ಚು ಕಚೇರಿ ಶುರುವಾಯ್ತು, ಕಳ್ಳರನ್ನ ಗುರುತು ಹಿಡಿಯೋಕೆ. 1930ರಲ್ಲಿ ಕೆಜಿಎಫ್ ಕಾರ್ಮಿಕರೆಲ್ಲ ಬೆರಳಚ್ಚು ಕೊಟ್ಟು ನೋಂದಣಿ ಮಾಡಿಸಿಕೊಳ್ಳಬೇಕು ಅಂತ ಹೇಳಿದಾಗ ಸಾವಿರಾರು ಜನ ಕೆಲಸ ಬಿಟ್ಟು ಹೊರಗೆ ಬಂದರು. ನಾವೇನು ಕಳ್ಳರಾ ಅನ್ನೋದೇ ಆ ಮುಷ್ಕರದ ಒಳಗಿನ ಪ್ರಶ್ನೆ. ನಾವು ಇವತ್ತು ಫೋನ್ ಅನ್‌ಲಾಕ್ ಮಾಡೋಕೆ ದಿನಕ್ಕೆ ನೂರು ಸಲ ಬೆರಳು ಒತ್ತುತ್ತೀವಿ. ಅವರು ಒತ್ತಲ್ಲ ಅಂದರು.

ಹೋದ ತಿಂಗಳು ನಾನು ಮಾರಿಕುಪ್ಪಂಗೆ ಹೋಗಿದ್ದೆ. ಗಣಿಯಲ್ಲಿ ದುಡಿದ ಹಿರಿಯರೊಬ್ಬರು ಮನೆ ಮುಂದೆ ಕೂತಿದ್ದರು. ಹೆಸರು ಬೇಡ ಅಂದಿದ್ದಾರೆ. ಮಾತಿನ ಮಧ್ಯೆ ನಿಂತು ನಿಂತು ಉಸಿರು ತಗೊಳ್ತಾರೆ, ಕಲ್ಲಿನ ಧೂಳು ಶ್ವಾಸಕೋಶದಲ್ಲಿ ಕೂತಿದೆ. ಅವರ ಕನ್ನಡ ಅರ್ಧ ತಮಿಳು, ನನ್ನ ಕನ್ನಡ ಅರ್ಧ ತೆಲುಗು. ನಾನು ರೆಕಾರ್ಡರ್ ಆನ್ ಮಾಡಿ ಕೇಳಿದೆ:

“ತಾತಾ, ಇಲ್ಲಿ ಚಿನ್ನ ಕಂಡುಹಿಡಿದವರು ಯಾರು ಅಂತ ನಿಮ್ಮ ಕಡೆ ಹೇಳ್ತಾರೆ?”

“ಕಂಡುಹಿಡಿಯೋಕೆ ಅದೇನು ಕಳೆದುಹೋಗಿತ್ತಾ ತಂಬಿ?”

ನಾನು ನಕ್ಕೆ. ಅವರು ನಗಲಿಲ್ಲ.

“ನಾನು ಇಪ್ಪತ್ತೆಂಟು ವರ್ಷ ಕೆಳಗೆ ಇಳಿದಿದ್ದೀನಿ. ನಮ್ಮಪ್ಪ ಇಳಿದಿದ್ದ, ಅವರಪ್ಪ ಇಳಿದಿದ್ದ. ಚಿನ್ನ ಹೆಂಗಿರುತ್ತೆ ಅಂತ ಸರಿಯಾಗಿ ನೋಡಿದ್ದು ಮಗಳ ಮದುವೆಗೆ, ಬಂಗಾರಪೇಟೆ ಅಂಗಡೀಲಿ. ಕೊಂಡುಕೊಂಡು.”

ಆ ಆಡಿಯೋನ ನಾನು ಎಡಿಟ್ ಮಾಡಿಲ್ಲ. ‘ಕೊಂಡುಕೊಂಡು’ ಆದಮೇಲೆ ಹನ್ನೊಂದು ಸೆಕೆಂಡ್ ಮಾತಿಲ್ಲ. ಕಾಗೆ ಕೂಗೋದು ಕೇಳುತ್ತೆ.

1956ರಲ್ಲಿ ಗಣಿ ಸರ್ಕಾರದ್ದಾಯ್ತು. 2001ರ ಫೆಬ್ರವರಿ 28ರಂದು ಮುಚ್ಚಿತು. ಆ ಹೊತ್ತಿಗೆ ಟನ್‌ಗೆ 3 ಗ್ರಾಂ ಬರ್ತಿತ್ತು. ಆಮೇಲೆ ನಮ್ಮ ಜನಕ್ಕೆ ಉಳಿದ ಗಣಿ ಅಂದ್ರೆ ಬೆಂಗಳೂರು. ಬೆಳಗಿನ ಜಾವದ ರೈಲಲ್ಲಿ ಇಳಿಯೋದು, ರಾತ್ರಿ ಮೇಲೆ ಬರೋದು. ಪಾಳಿ ಅದೇ, ಶಾಫ್ಟ್ ಬೇರೆ. ಆ ರೈಲಲ್ಲೇ ನಾನು ಈ ಸ್ಕ್ರಿಪ್ಟಿನ ಮುಕ್ಕಾಲು ಭಾಗ ಬರೆದೆ.

ಹಿಂದೆ ಉಳಿದದ್ದು ಸೈನೈಡ್ ಗುಡ್ಡಗಳು. ಸಿನಿಮಾದಲ್ಲಿ ನೋಡಿರ್ತೀರಿ, ಬೋಳು ಗುಡ್ಡ, ಮೇಲೆ ಹೀರೋ. ಅದು ಬೆಟ್ಟ ಅಲ್ಲ, ಚಿನ್ನ ಹಿಂಡಿದ ಮೇಲೆ ಬಿಸಾಕಿದ ಹಿಟ್ಟು. 3.3 ಕೋಟಿ ಟನ್. ಗಾಳಿ ಎದ್ದಾಗ ಅದು ಅಡುಗೆ ಮನೆಗೆ ಬರುತ್ತೆ. 2024ರ ಜೂನ್‌ನಲ್ಲಿ, ಸುಮಾರು ಸಾವಿರ ಎಕರೆಯಲ್ಲಿರೋ ಹದಿಮೂರು ಗುಡ್ಡಗಳನ್ನ ಹರಾಜು ಹಾಕೋ ಕೇಂದ್ರದ ಪ್ರಸ್ತಾವಕ್ಕೆ ರಾಜ್ಯ ಸಂಪುಟ ಒಪ್ಪಿತು. ಅದರೊಳಗೆ ಇನ್ನೂ ಚಿನ್ನ ಇದೆಯಂತೆ. ಕೆಲಸ ಬಂದರೆ ಒಳ್ಳೇದೇ, ನಾನು ಬೇಡ ಅನ್ನಲ್ಲ. ಆದರೆ ಮತ್ತೆ ಪಟ್ಟಿ ಶುರುವಾಗಿದೆ: ಎಷ್ಟು ಎಕರೆ, ಎಷ್ಟು ಟನ್, ಎಷ್ಟು ಕೋಟಿ. ಆ ಧೂಳು ಕುಡಿದ ಜನ ಈ ಸಲವಾದರೂ ಪಟ್ಟಿಯ ಯಾವ ಸಾಲಲ್ಲಿ ಬರ್ತಾರೆ? ಇದು ಇನ್ನೂರು ವರ್ಷದ ಹಿಂದಿನ ಪ್ರಶ್ನೆ ಅಲ್ಲ, ಈ ವರ್ಷದ್ದು.

ಹೆಸರುಗಳ ಬಗ್ಗೆ ಒಂದು ಮಾತು ಹೇಳಿ ಮುಗಿಸ್ತೀನಿ. ಬಂಗಾರಪೇಟೆ ಮೊದಲು ಬೌರಿಂಗ್‌ಪೇಟೆ, ಮೈಸೂರಿನ ಕಮಿಷನರ್ ಆಗಿದ್ದ ಲೆವಿನ್ ಬೌರಿಂಗ್ ಹೆಸರು. ರಾಬರ್ಟ್‌ಸನ್‌ಪೇಟೆ, ಆಂಡರ್ಸನ್‌ಪೇಟೆ ಇವತ್ತಿಗೂ ಹಾಗೇ ಇವೆ. ಲವೆಲ್‌ಗೆ ಬೆಂಗಳೂರಲ್ಲಿ ರಸ್ತೆ. ಗಾಡಿ ಹೊಡ್ಕೊಂಡು ಬಂದು ಮಣ್ಣು ತೊಳೆದು ತೋರಿಸಿದವರ ಹೆಸರು, ಬಂಡೆ ಮೇಲೆ ಕಲ್ಲು ಕುಟ್ಟಿದ ಒಬ್ಬ ಹೆಂಗಸಿನ ಹೆಸರು, ನಾನು ಓದಿದ ಯಾವ ಪುಟದಲ್ಲೂ ಇಲ್ಲ. ರಸ್ತೆಗಳ ಹೆಸರು ಬದಲಿಸಿ ಅಂತ ನಾನು ಕೇಳ್ತಿಲ್ಲ. ನನ್ನ ಕೈಲಿರೋದು ನನ್ನ ಒಂದು ವಾಕ್ಯ, ಅದನ್ನ ಬದಲಿಸ್ತೀನಿ. ಊರಿಗಾಂನ ಆ ಕೇಳುಗರೇ, ಇದು ನಿಮಗೆ:

“1802ರಲ್ಲಿ ಊರಿಗಾಂನ ಜನ ತಮಗೆ ಮೊದಲೇ ಗೊತ್ತಿದ್ದ ಚಿನ್ನವನ್ನು ಜಾನ್ ವಾರೆನ್ ಎಂಬ ಸರ್ವೆ ಅಧಿಕಾರಿಗೆ ತೋರಿಸಿದರು. ಅವನು ಅದನ್ನು ಬರೆದುಕೊಂಡ.”

ಮೊದಲ ಎಪಿಸೋಡ್‌ನಲ್ಲಿ ಹಳೇ ವಾಕ್ಯ ತೆಗೆದು ಇದನ್ನ ಸೇರಿಸಿದ್ದೀನಿ. ನಿಮ್ಮ ಮನೆಯಲ್ಲಿ ಗಣಿಗೆ ಇಳಿದ ತಾತ, ಕಲ್ಲು ಹೊತ್ತ ಅಜ್ಜಿ ಇದ್ದರೆ, ಇವತ್ತು ರಾತ್ರಿ ಫೋನ್ ತೆಗೆದು ಹತ್ತು ನಿಮಿಷ ಅವರ ಮಾತು ರೆಕಾರ್ಡ್ ಮಾಡಿ. ಹೆಸರು ಕೇಳಿ, ಅವರ ಅಪ್ಪ ಅಮ್ಮನ ಹೆಸರೂ ಕೇಳಿ. ನನಗೆ ಕಳಿಸದಿದ್ದರೂ ಪರವಾಗಿಲ್ಲ, ಅಳಿಸಬೇಡಿ.